ಸ್ವರ ಬಿಟ್ಟುಕೊಡದ ಎದುರುಮನೆಯ ಅಮ್ಮ

ಮೊನ್ನೆ ಇಲ್ಲಿ ಕುವೈತಿನ ರುಮೈಥಿಯಾದ ತರಕಾರಿ ಅಂಗಡಿಯಲ್ಲಿ ಸಬ್ಬಸಿಗೆ ಸೊಪ್ಪಿನ ಒದ್ದೆ ಕಟ್ಟೊಂದನ್ನು ಎತ್ತಿಕೊಂಡೆ. ಆ ಘಮಕ್ಕೆ ಎದುರುಮನೆಯ ಅಮ್ಮ ನೆನಪಾದರು. ಬೇಯಿಸಿದ ಬಟಾಟೆಯಿಂದ ಮೊಸರಿನ ತನಕ ಎಲ್ಲದಕ್ಕೂ ಅದನ್ನೇ ಉದುರಿಸುತ್ತಿದ್ದರು. ನಾನು ಬೇಡವೆಂದರೂ ಬಿಡುತ್ತಿರಲಿಲ್ಲ. ಹಠ ಅಂದರೆ ಅಂಥ ಹಠ...

ಅವರು ರಷ್ಯಾದವರು. ಶುಐಬಾದ ರಿಫೈನರಿಯಲ್ಲಿ ಇಂಜಿನಿಯರಾಗಿದ್ದ ಅಳಿಯನ ಮನೆಯಲ್ಲಿದ್ದರು. ಸೋವಿಯತ್ ಕಾಲದಲ್ಲಿ ಸಿನಿಮಾ ನಟಿಯಾಗಿದ್ದರೆಂದು ಅವರ ಮಗಳು ಹೇಳಿದಾಗ ನಾನು ನಂಬಿರಲಿಲ್ಲ. ಹರಕುಮುರುಕು ಇಂಗ್ಲಿಷಿನಲ್ಲೇ ನಮ್ಮ ಪಟ್ಟಾಂಗ ಸಾಗುತ್ತಿತ್ತು.

ಮೊದಲ ಚಿತ್ರದಲ್ಲೇ ಅವರು ನಾಯಕಿ, ಟ್ರ್ಯಾಕ್ಟರ್ ಓಡಿಸುವ ಹಳ್ಳಿ ಹುಡುಗಿ. ತಾಯಿಯನ್ನು ಕರೆದುಕೊಂಡು ಊರಿನ ಟಾಕೀಸಿಗೆ ಹೋದರು. ಪರದೆಯ ಮೇಲೆ ಮುಖ ಇವರದು, ಮಾತು ಮಾಸ್ಕೋದ ಇನ್ಯಾರದೋ. ಇವರ ಹಳ್ಳಿಯ ಉಚ್ಚಾರ ಒಗ್ಗುವುದಿಲ್ಲವೆಂದು ಸ್ಟುಡಿಯೋದವರು ಹೇಳದೆ ಕೇಳದೆ ಸ್ವರವನ್ನೇ ಬದಲಿಸಿದ್ದರು. ತಾಯಿ ಮೆಲ್ಲಗೆ, "ಇದು ಯಾರ ಮಗಳು?" ಎಂದು ಕೇಳಿದರಂತೆ.

ಆಮೇಲೆ, ಸ್ವರ ನನ್ನದಾದರೆ ಮಾತ್ರ ಎಂದು ಪಟ್ಟು ಹಿಡಿದರು. ನಾಯಕಿಯ ಪಾತ್ರಗಳು ನಿಂತೇ ಹೋದವು. ಬಸ್ ಕಂಡಕ್ಟರ್, ನರ್ಸ್, ಕ್ಯಾಂಟೀನಿನ ಹೆಂಗಸು... ಒಂದೊಂದು ಸಾಲಿನ ಪಾತ್ರಗಳಲ್ಲೇ ಉಳಿದ ವೃತ್ತಿಜೀವನ ಕಳೆಯಿತು. ಆ ಸಾಲುಗಳನ್ನು ನನಗೆ ಆಡಿ ತೋರಿಸುವಾಗ ಅಡುಗೆಮನೆ ನಡುಗುತ್ತಿತ್ತು. ಚಿಕ್ಕದೋ ದೊಡ್ಡದೋ, ಅದು ನನ್ನದೇ ಮಾತು ಎನ್ನುತ್ತಿದ್ದರು.

ಅವರು ಇದನ್ನೆಲ್ಲ ಹೇಳುತ್ತಿದ್ದ ಸಮಯಕ್ಕೇ ಇಲ್ಲಿನ ನಮ್ಮ ಕನ್ನಡ ಸಂಘದ ನಾಟಕದಲ್ಲಿ ನನಗೆ ರಾಣಿಯ ಪಾತ್ರ ಸಿಕ್ಕಿತು. ಮಾತುಗಳನ್ನು ಮೊದಲೇ ರೆಕಾರ್ಡ್ ಮಾಡಿ, ವೇದಿಕೆಯಲ್ಲಿ ತುಟಿ ಆಡಿಸುವುದು ನಮ್ಮಲ್ಲಿ ರೂಢಿ. ಮೈಸೂರು ಕಡೆಯ ನಿರ್ದೇಶಕರು ನಯವಾಗಿಯೇ ಹೇಳಿದರು: "ಆಕ್ಟಿಂಗ್ ಸೂಪರ್ ಮೇಡಂ. ಆದ್ರೆ ನಿಮ್ ಮಂಗ್ಳೂರ್ ಕನ್ನಡ ರಾಣಿಗೆ ಸೂಟ್ ಆಗಲ್ಲ. ವಾಯ್ಸ್ ಬೇರೆಯವ್ರ ಹತ್ರ ಕೊಡ್ಸೋಣ."

ಇದನ್ನು ನಗುತ್ತಲೇ ಅಮ್ಮನಿಗೆ ಹೇಳಿದೆ. ಅವರು ನಗಲಿಲ್ಲ. "ವಿಡಿಯೋ ನಿನ್ನ ತಾಯಿಗೂ ಕಳಿಸುತ್ತೀಯಲ್ಲ?" ಎಂದರು. ಆಗ ನನಗೆ ಮೈಯೆಲ್ಲ ಉರಿಯಿತು. ಮರುದಿನವೇ ರಾಣಿಯ ಪಾತ್ರ ಬಿಟ್ಟೆ. ಸಿಕ್ಕಿದ್ದು ದಾಸಿಯ ಪಾತ್ರ, ಒಂದೇ ಸಾಲು. ಅದನ್ನು ನನ್ನ ಸ್ವರದಲ್ಲೇ, ಮಂಗಳೂರು ಕನ್ನಡದಲ್ಲೇ ಹೇಳಿದೆ. ಒಂದಕ್ಷರ ಅರ್ಥವಾಗದಿದ್ದರೂ ಮುಂದಿನ ಸಾಲಿನಲ್ಲಿ ಕೂತಿದ್ದ ಅಮ್ಮ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಸಭೆ ಅವರನ್ನೇ ನೋಡಿತು. ಅವರು ಕ್ಯಾರೇ ಅನ್ನಲಿಲ್ಲ.

ಮುಂದೆ ಅವರು ಊರಿಗೆ ಮರಳಿ ಅಲ್ಲೇ ತೀರಿಕೊಂಡರು... ಮಗಳ ಸಂಸಾರವೂ ಕುವೈತ್ ಬಿಟ್ಟಿತು.

ನಿನ್ನೆ ಅದೇ ನಿರ್ದೇಶಕರ ಫೋನು. ಈ ಸಲವೂ ದೊಡ್ಡ ಪಾತ್ರವಂತೆ, ವಾಯ್ಸ್ ಮಾತ್ರ...

"ಸ್ವರ ನನ್ನದೇ ಆಗ್ಬೇಕು. ಇಲ್ಲದಿದ್ರೆ ನೀವು ಬೇರೆ ಜನ ನೋಡಿ ಮಾರಾಯ್ರೆ. ಖಲಾಸ್," ಎಂದೆ.

ಫೋನಿಟ್ಟ ಹುರುಪಿನಲ್ಲೇ ಚಪ್ಪಲಿ ಮೆಟ್ಟಿ ಎದುರುಮನೆಗೆ ನಡೆದೆ. ಗಂಟೆ ಒತ್ತಲು ಕೈ ಎತ್ತಿದ ಮೇಲೆ ನೆನಪಾಯಿತು. ಹೋಗಿ ಜಂಬ ಕೊಚ್ಚಿಕೊಳ್ಳಲು ಈಗ ಅಲ್ಲಿ ನನಗೆ ಯಾರೂ ಇಲ್ಲ.