ಅಕ್ಕನ ಎಡಗೈ

ನಿನ್ನೆ ಮೊಮ್ಮಗ ನಾವೀಗ ಇರುವ ಓಕ್ಲ್ಯಾಂಡಿನ ಅಂಗಡಿಯಿಂದ ಒಂದು ಹಳೇ ರೆಕಾರ್ಡು ತಂದ. ಕವರು ಬಿಚ್ಚಿದ್ದೇ ತಡ, ಮುಗ್ಗಲು ವಾಸನೆ ಮೂಗಿಗೆ ಬಡಿಯಿತು. ಇಂಗ್ಲೆಂಡಿನ ಲೀಡ್ಸಿನಲ್ಲಿ ನಮ್ಮ ಬಾಡಿಗೆ ಮನೆಯ ನೆಲಮಾಳಿಗೆಗೆ ಇದೇ ವಾಸನೆ ಇತ್ತು.

ಅಲ್ಲಿ ನನ್ನ ಅಕ್ಕ ಮೂವರು ಬಿಳಿ ಹುಡುಗರ ಬ್ಯಾಂಡಿಗೆ ಡ್ರಮ್ಮು ಬಾರಿಸುತ್ತಿದ್ದಳು. ಅವಳು ಎಡಚಿ. ಊಟಕ್ಕೆ ಎಡಗೈ ಮುಂದೆ ಬಂದರೆ ಅಮ್ಮ ಸೌಟಿನಿಂದ ಗೆಣ್ಣಿಗೇ ಹೊಡೆಯುತ್ತಿದ್ದರು. "ಹೀಗೆ ಉಂಡರೆ ನಮ್ಮೂರು ಉಡುಪಿಯಲ್ಲಿ ನಿನ್ನನ್ನು ಯಾರು ಮದುವೆಯಾಗ್ತಾರೆ?" ಆ ಕೈಗೆ ಬಿಡುಗಡೆ ಇದ್ದದ್ದು ನೆಲಮಾಳಿಗೆಯಲ್ಲಿ ಮಾತ್ರ. ಮೊದಲ ಏಟು ಯಾವಾಗಲೂ ಎಡಗೈಯದೇ. ಶಾಲೆಗೆ ಚಕ್ಕರ್ ಹೊಡೆದು ನಾನು ಮೆಟ್ಟಿಲ ಮೇಲೆ ಕೂತು ಕೇಳುತ್ತಿದ್ದೆ.

ಮೊಮ್ಮಗ ತಂದದ್ದು ಆ ಬ್ಯಾಂಡಿನ ಮೊದಲ ರೆಕಾರ್ಡು. ಅದರ ರೆಕಾರ್ಡಿಂಗು ಮುಗಿಯಿತು. ಊರೂರಿಗೆ ಹೋಗಿ ಬಾರಿಸಲು ಕರೆ ಬಂತು. "ಗಂಡು ಹುಡುಗರ ಜೊತೆ ವ್ಯಾನಿನಲ್ಲಿ ಮಲಗಿ ಬರ್ತೀಯಾ?" ಎಂದ ಅಪ್ಪ ನೆಲಮಾಳಿಗೆಗೆ ಬೀಗ ಜಡಿದು ಗಂಡು ಹುಡುಕಿದರು. ಅವಳ ಜಾಗಕ್ಕೆ ಬಂದವನು ಕವರಿನ ಫೋಟೋಗೆ ನಿಂತ. ಅವಳ ಏಟು ಅವನಿಗೆ ಬರಲಿಲ್ಲ. ಅವನು ಬಾರಿಸಿದ ಎರಡನೇ ರೆಕಾರ್ಡನ್ನು ಯಾರೂ ಕೇಳಲಿಲ್ಲ, ಬ್ಯಾಂಡು ಮುಚ್ಚಿತು. ನಮ್ಮ ಮನೆಯ ಮಾನ ಉಳಿಯಿತಂತೆ. ಇಟ್ಟುಕೊಂಡು ನೆಕ್ಕಲಿ.

"ಅಜ್ಜ, ಈ ಡ್ರಮ್ಮರ್ ಸೂಪರ್," ಎಂದು ಮೊಮ್ಮಗ ರೆಕಾರ್ಡು ಹಾಕಿ ಕವರಿನ ಫೋಟೋದಲ್ಲಿದ್ದವನನ್ನು ತೋರಿಸಿದ.

"ಬಾರಿಸಿದ್ದು ಅವನಲ್ಲ ಕಣೋ. ಆ ಸೋಫಾದಲ್ಲಿ ಕೂತಿದ್ದಾಳಲ್ಲ, ನನ್ನ ಅಕ್ಕ, ಅವಳು."

"ನೋ ವೇ," ಎಂದು ನಕ್ಕ.

ಹತ್ತಿರದ ಸಾಂಟಾ ಕ್ಲಾರಾದ ತನ್ನ ಮನೆಯಿಂದ ನಮ್ಮಲ್ಲಿಗೆ ಬಂದಿದ್ದ ಅಕ್ಕ ನಗಲಿಲ್ಲ.

"ಸೌಂಡು ಕಡಿಮೆ ಮಾಡು ಮಗಾ, ತಲೆ ನೋಯ್ತದೆ," ಎಂದಳು. ಬಲಗೈಯಲ್ಲಿ ಕಾಫಿ ಲೋಟ ಹಿಡಿದಿದ್ದಳು. ಎಡಗೈ ಶಾಲಿನೊಳಗೇ ಇತ್ತು.