ಶಾಲು ಹೊದಿಸಿದ ಮೇಲೆ

ಮೊನ್ನೆ ಮಗಳು ಓದುವ ಕ್ಲೇಟನ್ನಿನ ಸ್ಟೇಷನ್ ಹತ್ತಿರದ ಅಂಗಡಿಯಲ್ಲಿ ಅವಳಿಗೆ ಅಕ್ಕಿ, ಬೇಳೆ ಕೊಳ್ಳುತ್ತಿದ್ದೆ. ಪಕ್ಕದಲ್ಲಿ ಯಾರೋ ಕರಿ ಮಿಠಾಯಿಯ ಪೊಟ್ಟಣ ಹರಿದರು. ಜ್ಯೇಷ್ಠಮಧುವಿನ ವಾಸನೆ... ಧಾರವಾಡದ ನಮ್ಮ ಓಣಿಯಲ್ಲಿ ಹಾಡುವವರು ಗಂಟಲಿಗೆಂದು ಜಗಿಯುತ್ತಿದ್ದ ಬೇರಿನದೇ ವಾಸನೆ. ಆದರೆ ನನಗೆ ನೆನಪಾದದ್ದು ಧಾರವಾಡವಲ್ಲ, ಸಿಡ್ನಿ. ಭಾಷಣಕ್ಕೆ ಮೊದಲು ಇಂಥದೇ ಮಿಠಾಯಿಯನ್ನು ದವಡೆಗೆ ಒತ್ತಿಕೊಂಡು ನಿಲ್ಲುತ್ತಿದ್ದ ಬಾಗಿದ ಬೆನ್ನಿನ ಎತ್ತರದ ಮನುಷ್ಯ. ನಾವು ನಮ್ಮೊಳಗೆ ಅವರನ್ನು ಡಚ್ ಅಂಕಲ್ ಎನ್ನುತ್ತಿದ್ದೆವು. ನಮ್ಮ ಯೂನಿಯನ್ನಿನ ಮುಖಂಡರು, ಆಮೇಲೆ ಕ್ಯಾನ್ಬೆರಾದ ಸಂಸತ್ತಿಗೆ ಹೋದವರು. ಅವತ್ತು ಬೇಳೆ ಮರೆತು ಬರೀ ಅಕ್ಕಿ ಹೊತ್ತು ಮನೆಗೆ ಬಂದೆ.

ಆಗ ನಾವು ಸಿಡ್ನಿಯ ವೆಸ್ಟ್‌ಮೀಡ್‌ನ ಬಾಡಿಗೆ ಫ್ಲಾಟಿನಲ್ಲಿದ್ದೆವು. ಮಗಳು ಸಣ್ಣವಳು, ಇಲ್ಲಿ ಕಾಯಂ ನೆಲೆಸುವ ಪಿಆರ್ ಇನ್ನೂ ಬಂದಿರಲಿಲ್ಲ. ಊರಿನ ಕಾಲೇಜಿನಲ್ಲಿ ಪಾಠ ಹೇಳಿದ್ದ ನಾನು ಇಲ್ಲಿ ವೃದ್ಧರನ್ನು ನೋಡಿಕೊಳ್ಳುವ ಮನೆಯೊಂದರಲ್ಲಿ ಕೆಲಸಕ್ಕೆ ಸೇರಿದ್ದೆ. ಹಾಸಿಗೆಯಿಂದ ಎತ್ತುವುದು, ಸ್ನಾನ ಮಾಡಿಸುವುದು, ಕುರ್ಚಿಯಲ್ಲಿ ಕೂರಿಸುವುದು. ಎತ್ತುವ ಮಷೀನು ಇಡೀ ಮನೆಗೆ ಒಂದೇ. ನಮಗೆ ಬೇಕಾದಾಗಲೆಲ್ಲ ಅದು ಮೇಲಿನ ಮಹಡಿಯಲ್ಲೇ ಇರುತ್ತಿತ್ತು. ಒಂದು ಮಹಡಿಗೆ ಕೆಲಸಕ್ಕೆ ಒಬ್ಬಳೇ ಹೆಂಗಸು. ನನ್ನ ಪಾಳಿ ಮುಗಿದ ಮೇಲೆ ಅದೇ ಮಹಡಿಗೆ ಬರುತ್ತಿದ್ದವರು ಬೆಳಗಾವಿ ವೈನಿ. ವೈನಿ ಎಂದರೆ ಅತ್ತಿಗೆ; ರಕ್ತ ಸಂಬಂಧವೇನಿಲ್ಲ, ನಮ್ಮ ಕಡೆ ಬೇಕಾದವರ ಹೆಂಡತಿಯನ್ನು ಹಾಗೇ ಕರೆಯುತ್ತೇವೆ. ಮಾತಿನಲ್ಲಿ ನನಗಿಂತ ಜೋರು, ಕೆಲಸದಲ್ಲಿ ಇನ್ನೂ ಜೋರು.

ಡಚ್ ಅಂಕಲ್ ಹುಡುಗನಾಗಿದ್ದಾಗ ಅಪ್ಪ ಅಮ್ಮನ ಜೊತೆ ಹಡಗಿನಲ್ಲಿ ಹಾಲೆಂಡಿನಿಂದ ಬಂದವರಂತೆ. ದೊಡ್ಡವರಾದ ಮೇಲೆ ಆಸ್ಪತ್ರೆಯಲ್ಲಿ ರೋಗಿಗಳನ್ನು ಎತ್ತಿ ಇಳಿಸುವ ಕೆಲಸ ಮಾಡಿ ಬೆನ್ನು ಕಳೆದುಕೊಂಡು ಯೂನಿಯನ್ನಿಗೆ ಬಂದಿದ್ದರು. ನಮ್ಮ ಚಹಾ ಕೋಣೆಯಲ್ಲಿ ಹಾಲಿನ ಕ್ರೇಟು ಬೋರಲು ಹಾಕಿ ಕೂರುತ್ತಿದ್ದರು. ವೈನಿ ಚಕ್ಕಲಿಯ ಡಬ್ಬಿ ತೆರೆದಿಟ್ಟರೆ ಒಂದೇ ಒಂದು ತೆಗೆದುಕೊಂಡು ತಾವೇ ಮುಚ್ಚಳ ಹಾಕಿಬಿಡುವರು. ಅವರ ದೇಶದ ಪದ್ಧತಿ ಹಾಗಂತೆ. ವೈನಿ ಮತ್ತೆ ತೆರೆಯುವರು, ಅವರು ಮತ್ತೆ ಮುಚ್ಚುವರು.

"ನಮ್ಮ ಚಕ್ಕಲೀನೂ ನಮಗ ಉಳಸ್ತಾನಲ್ಲವಾ ಈ ಮನಷ್ಯಾ," ಎಂದು ವೈನಿ ನನ್ನ ಕಿವಿಯಲ್ಲಿ ನಗುತ್ತಿದ್ದರು.

ಸಭೆಯಲ್ಲಿ ಎಲ್ಲರಿಗಿಂತ ಹೊಸಬರು ಮೊದಲು ಮಾತಾಡಬೇಕೆನ್ನುವುದು ಡಚ್ ಅಂಕಲ್ ಅವರ ನಿಯಮ. ಹಾಗಾಗಿ ನಾನು ಮೊದಲ ದಿನವೇ ಎದ್ದು ನಿಂತಿದ್ದೆ. ಒಬ್ಬರನ್ನು ಎತ್ತಲು ಇಬ್ಬರು ಬೇಕು, ಅಷ್ಟೇ ಎಂದೆ. ಅವರು ಅದನ್ನೇ ಹಿಡಿದುಕೊಂಡರು. ಎಲ್ಲ ಮನೆಗಳಲ್ಲೂ ಮಹಡಿಗೆ ಇಬ್ಬರು, ಮಾಲೀಕರ ದಯೆಯಿಂದಲ್ಲ, ಕಾನೂನಿನಿಂದ ಆಗಬೇಕು ಎಂದರು. ಅದಕ್ಕಾಗಿಯೇ ಚುನಾವಣೆಗೆ ನಿಂತರು. ನಿಲ್ಲಬೇಕಾದರೆ ಹುಟ್ಟಿದ ದೇಶದ ಪೌರತ್ವ ಬಿಡಬೇಕಿತ್ತು, ಬಿಟ್ಟರು. ಚಹಾ ಕೋಣೆಗೆ ಕೊನೆಯ ಸಲ ಬಂದಾಗ ಹೇಳಿದ್ದು ಇಷ್ಟು: "ನಾನು ಎಲ್ಲೇ ಸಿಕ್ಕಲಿ, ನಾಲ್ಕು ಜನರ ಮುಂದೆ ಎದ್ದು ನಿಂತು ಕೇಳಿ. ನೀವು ಕೇಳದಿದ್ದರೆ, ಬೇರೆಯದನ್ನು ಕೇಳುವವರು ಇದ್ದೇ ಇರುತ್ತಾರೆ."

ನನಗೆ ವೋಟಿಲ್ಲ, ವೈನಿಗೂ ಇಲ್ಲ. ಆದರೂ ರಜೆಯ ದಿನಗಳಲ್ಲೆಲ್ಲ ಮನೆಮನೆಗೆ ಹೋಗಿ ಅವರ ಕರಪತ್ರ ಹಂಚಿದೆವು. ಇಳಕಲ್ ಸೀರೆಯ ಕೆಳಗೆ ಸ್ಪೋರ್ಟ್ಸ್ ಶೂ ಹಾಕಿಕೊಂಡ ವೈನಿಯನ್ನು ನೋಡಿ ಬಾಗಿಲು ಮುಚ್ಚುವವರೂ ಒಂದು ಗಳಿಗೆ ನಿಲ್ಲುತ್ತಿದ್ದರು. ಡಚ್ ಅಂಕಲ್ ಗೆದ್ದ ದಿನ ನಾವಿಬ್ಬರೂ ಬಸ್ ಸ್ಟಾಪಿನಲ್ಲಿ ಅತ್ತಿದ್ದೆವು.

ಗೆದ್ದ ವರ್ಷವೇ ನಮ್ಮ ಕನ್ನಡದವರು ರೌಸ್ ಹಿಲ್‌ನ ಹಾಲ್ ಒಂದನ್ನು ಬುಕ್ ಮಾಡಿ ರಾಜ್ಯೋತ್ಸವಕ್ಕೆ ಅವರನ್ನು ಕರೆದರು. ಮೈಸೂರು ಪೇಟ, ಏಲಕ್ಕಿ ಹಾರ, ಶಾಲು, ಹಣ್ಣಿನ ಬುಟ್ಟಿ, ಒಂದೂ ಬಿಡಲಿಲ್ಲ. ಅಷ್ಟೆತ್ತರದ ಮನುಷ್ಯನಿಗೆ ಪೇಟ ತೊಡಿಸಲು ಅಧ್ಯಕ್ಷರು ಕುರ್ಚಿ ಹತ್ತಬೇಕಾಯಿತು. ವೃದ್ಧರ ಮನೆಗಳ ಹೊಸ ಮಸೂದೆ ಸಿದ್ಧವಾಗುತ್ತಿದ್ದ ದಿನಗಳು ಅವು. ಭಾಷಣ ಮುಗಿಸಿದ ಅವರು ಹೋಗಿ ಕೂರಲಿಲ್ಲ. "ಪ್ರಶ್ನೆಗಳಿವೆಯೇ?" ಎಂದು ಕೇಳಿ, ಪೇಟ ಹೊತ್ತುಕೊಂಡೇ ಕಾದರು.

ನಾನು ಅರ್ಧ ಎದ್ದಿದ್ದೆ. ಮಸೂದೆಯಲ್ಲಿ ಮಹಡಿಗೆ ಇಬ್ಬರು ಇದೆಯೇ ಎಂಬ ಮಾತು ಬಾಯಿಯಲ್ಲಿ ಸಿದ್ಧವಿತ್ತು. ಪಕ್ಕದಿಂದ ವೈನಿ ಸೆರಗು ಹಿಡಿದು ಜಗ್ಗಿದರು.

"ಕೂಡ್ರವಾ. ಶಾಲು ಹೊದಿಸಿದ ಮ್ಯಾಲ ಮಂದಿ ಮುಂದ ಹಂಗ ಕೇಳೂದು ಚಂದ ಕಾಣೂದಿಲ್ಲ. ಊಟದಾಗ ಸಾವಕಾಶ ಹೇಳಿದ್ರಾತು."

ನಮ್ಮವರಲ್ಲಿ ಅದು ತಪ್ಪಲ್ಲ. ಸನ್ಮಾನ ಮಾಡಿಸಿಕೊಂಡವನನ್ನು ವೇದಿಕೆಯ ಮೇಲೆ ತರಾಟೆಗೆ ತೆಗೆದುಕೊಳ್ಳುವ ರೂಢಿ ನಮ್ಮ ಯಾವ ಊರಲ್ಲೂ ಇಲ್ಲ. ಅಷ್ಟರಲ್ಲಿ ನಿರೂಪಕರು ಮೈಕು ತೆಗೆದುಕೊಂಡು ವಂದನಾರ್ಪಣೆ ಶುರು ಮಾಡಿದರು. ಆಮೇಲೆ ಸೆಲ್ಫಿಯವರ ಗುಂಪು. ಬಿಸಿಬೇಳೆ ಭಾತ್ ಬಡಿಸುವ ಹೊತ್ತಿಗೆ ಇನ್ನೊಂದು ಕಾರ್ಯಕ್ರಮವಿದೆಯೆಂದು ಅವರು ಹೊರಟೇಹೋಗಿದ್ದರು.

ಮಸೂದೆ ಬಂತು. ಅದರಲ್ಲಿ ಎಲ್ಲ ಇತ್ತು, ಮಹಡಿಗೆ ಇಬ್ಬರು ಎಂಬುದೊಂದು ಇರಲಿಲ್ಲ. ಡಚ್ ಅಂಕಲ್ ಅದರ ಪರವಾಗಿಯೇ ಕೈ ಎತ್ತಿದರು. ಟಿವಿಯಲ್ಲಿ ಹಂತಹಂತವಾಗಿ ಮಾಡುತ್ತೇವೆ ಎಂದರು. ಬೇಲಿಯೇ ಎದ್ದು ಹೊಲ ಮೇಯ್ದರೆ ಕಾಯುವವರು ಯಾರು ಎಂದು ನಾನು ಅಡುಗೆಮನೆಯಲ್ಲಿ ಪಾತ್ರೆ ಕುಕ್ಕಿದೆ. ನನಗೆ ಅಷ್ಟು ಸಿಟ್ಟು ನನ್ನ ಮಾವನ ಮೇಲೂ ಬಂದಿರಲಿಲ್ಲ.

ಆ ಚಳಿಗಾಲದಲ್ಲಿ ಬಚ್ಚಲಲ್ಲಿ ಜಾರಿ ಬಿದ್ದ ಭಾರಿ ಮೈಯ ಮುದುಕರೊಬ್ಬರನ್ನು ವೈನಿ ಒಬ್ಬರೇ ಎತ್ತಿದರು. ಕೂಗಿದರಂತೆ, ಕೇಳಿಸಿಕೊಳ್ಳುವವರು ಯಾರೂ ಆ ಮಹಡಿಯಲ್ಲಿರಲಿಲ್ಲ. ವೈನಿಯ ಬೆನ್ನು ಮತ್ತೆ ನೆಟ್ಟಗಾಗಲೇ ಇಲ್ಲ. ಕೆಲಸ ಹೋಯಿತು. ಒಲೆಯ ಮುಂದೆ ನಿಲ್ಲಲಾಗದೆ ಕುರ್ಚಿಯ ಮೇಲೆ ಕೂತು ರೊಟ್ಟಿ ಬಡಿಯುತ್ತಿದ್ದರು, ಕೊನೆಗೆ ಅದೂ ನಿಂತಿತು.

ಯಾರು ಹೇಳಿದರೋ, ಡಚ್ ಅಂಕಲ್ ಒಂದು ಮಧ್ಯಾಹ್ನ ಹೂವು ಹಿಡಿದು ಒಬ್ಬರೇ ವೈನಿಯ ಫ್ಲಾಟಿಗೆ ಬಂದರು. ನಾನೂ ಅಲ್ಲಿದ್ದೆ. ಮಂಚದ ಹತ್ತಿರ ಕೂತರು. ಆಮೇಲೆ ನನ್ನ ಕಡೆ ತಿರುಗಿದರು.

"ಅವತ್ತು ನೀವು ಏಳುತ್ತಿದ್ದದ್ದನ್ನು ನೋಡಿದ್ದೆ. ಕೇಳಲಿ ಎಂದು ಕಾದೆ. ಆ ವರ್ಷ ಮಾಲೀಕರು ನನ್ನ ಬಾಗಿಲಿಗೆ ಬಾರದ ವಾರವಿರಲಿಲ್ಲ. ನನ್ನವರು ಮಾತ್ರ ನನಗೆ ಶಾಲು ಕೊಟ್ಟರು."

ಅಳದ ಕೂಸಿಗೆ ತಾಯಿಯೂ ಹಾಲು ಕೊಡುವುದಿಲ್ಲ ಎನ್ನುವ ಗಾದೆ ನಮ್ಮದೇ. ಆದರೆ ಸ್ವಂತ ಬೆನ್ನು ಮುರಿದುಕೊಂಡವನಿಗೂ ಬೆನ್ನಿನ ಮಾತನ್ನು ಬೇರೆಯವರು ನೆನಪಿಸಬೇಕಿತ್ತೇ? ಇದನ್ನು ಕೇಳಿಯೇಬಿಡಬೇಕೆಂದು ಬಾಯಿ ತೆರೆದೆ. ಅಷ್ಟರಲ್ಲಿ ವೈನಿ ಗೋಡೆಯ ಕಡೆ ನೋಡುತ್ತ ಕನ್ನಡದಲ್ಲಿ ಮೆಲ್ಲಗೆ ಅಂದರು:

"ಆಕಿ ಕೇಳಾಕನ ಎದ್ದಿದ್ಲರಿ. ನಾನ ಕೂಡಿಸಿದೆ."

ಏನೆಂದರು ಎಂದು ಅವರು ನನ್ನನ್ನು ಕೇಳಿದರು. ಚಹಾ ಕುಡಿಯುತ್ತೀರಾ ಎಂದು ಕೇಳುತ್ತಿದ್ದಾರೆ ಎಂದೆ. ಕುಡಿದು ಹೋದರು. ನಾನು ಅವರನ್ನು ಮತ್ತೆ ನೋಡಲಿಲ್ಲ.

ಆಮೇಲೆ ಅವರು ಇನ್ನೊಂದು ಚುನಾವಣೆ ಗೆದ್ದರು, ಮಂತ್ರಿಗಳ ಸಾಲಿನ ಹತ್ತಿರವೂ ಹೋದರು, ಸೋತರು, ಕಾಯಿಲೆ ಬಿದ್ದರು. ತೀರಿಕೊಂಡ ಸುದ್ದಿ ಕನ್ನಡದವರ ವಾಟ್ಸ್ಯಾಪ್ ಗುಂಪಿನಲ್ಲಿ ಬಂತು, ಪೇಟ ತೊಟ್ಟ ಅದೇ ಫೋಟೋದ ಜೊತೆ. ಕಾರ್ಮಿಕರ ಬಂಧು ಎಂದು ಬರೆದಿದ್ದರು. ನನಗೆ ಅಳು ಬಂತು. ಯಾರಿಗಾಗಿ ಅತ್ತೆನೋ... ಒಳ್ಳೆಯವರಾಗಿದ್ದರು ಎನ್ನಲು ಇವತ್ತಿಗೂ ಬಾಯಿ ಬರುವುದಿಲ್ಲ. ಅಲ್ಲ ಎನ್ನಲೂ ಬರುವುದಿಲ್ಲ.

ಮಗಳು ಈಗ ಇಲ್ಲಿ ಕ್ಲೇಟನ್‌ನಲ್ಲಿ ನರ್ಸಿಂಗ್ ಓದುತ್ತಾಳೆ. ರೆಂಟಿಗಾಗಿ ವಾರಕ್ಕೆ ಕೆಲವು ಪಾಳಿ ವೃದ್ಧರ ಮನೆಯೊಂದರಲ್ಲಿ ದುಡಿಯುತ್ತಾಳೆ. ನಿನ್ನೆ ಸಂಜೆ ಬಂದವಳೇ ಸೋಫಾದ ಮೇಲೆ ಬೋರಲು ಮಲಗಿದಳು. ಸೊಂಟ ಹಿಡಿದಿದೆಯಂತೆ. ನಾನು ಮುಲಾಮು ತಿಕ್ಕುತ್ತ ಕೇಳಿದೆ.

"ಎತ್ತೂ ಮುಂದ ಜೋಡಿಗೆ ಯಾರೂ ಇರ್ಲಿಲ್ಲೇನ?"

"ಇಟ್ಸ್ ಓಕೆ ಅಮ್ಮಾ, ಎವ್ರಿವನ್ ಡಸ್ ಇಟ್ ಅಲೋನ್."

"ಇನ್ನೊಬ್ಬರನ್ನ ಕೊಡ್ರಿ ಅಂತ ಕೇಳಬೇಕಲ್ಲವಾ."

ಅವಳು ದಿಂಬಿನಿಂದ ಮುಖ ಎತ್ತಿ, ನಿಜವಾಗಿಯೂ ತಿಳಿಯದವಳಂತೆ ನನ್ನನ್ನು ನೋಡಿದಳು.

"ಆಸ್ಕ್ ಹೂ?"

ನಾನು ಮುಲಾಮಿನ ಡಬ್ಬಿಯ ಮುಚ್ಚಳ ಹಾಕಿದೆ, ಮತ್ತೆ ತೆರೆದೆ.