ಪಖಾಲಿ ಪದದ ಕೊನೆಯ ನುಡಿ

ದುರುಗಪ್ಪನಿಗೆ ಅರಬ್ಬಿ ಬರುತ್ತಿರಲಿಲ್ಲ, ಫಾರ್ಸಿಯೂ ಬರುತ್ತಿರಲಿಲ್ಲ. ಕನ್ನಡವನ್ನಾದರೂ ಓದಲು ಬರೆಯಲು ಕಲಿತವನಲ್ಲ. ಆದರೆ ಮಸ್ಕಿ ಹಳ್ಳದ ದಂಡೆಯ ದರ್ಗಾದಲ್ಲಿ ಗುರುವಾರ ಸಂಜೆ ಅವನು ಪದ ಹಾಡಲು ಕೂತರೆ ಇಷ್ಕ್, ರೂಹ್, ಫನಾ ಎಂಬ ಮಾತುಗಳು ನೀರು, ಹಗ್ಗ, ಹೊಸ್ತಿಲು ಎಂಬ ಮಾತುಗಳ ಜೊತೆ ಒಂದೇ ಓಣಿಯವರ ಹಾಗೆ ಬೆರೆತು ಬರುತ್ತಿದ್ದವು. ಕೇಳಲು ಬಂದವರಲ್ಲಿ ಕುರುಬರಿದ್ದರು, ಸಾಬರಿದ್ದರು, ಕಾಲುವೆ ಕಡೆಯಿಂದ ಭತ್ತದ ಕೂಲಿ ಮುಗಿಸಿ ಬಂದ ಹೆಂಗಸರಿದ್ದರು. ಯಾರಾದರೂ ಅರ್ಥ ಕೇಳಿದರೆ ಅವನು ನಗುತ್ತಿದ್ದ. ತನಗೂ ಪೂರಾ ತಿಳಿದಿಲ್ಲ, ಹಾಡುತ್ತ ಹೋದರೆ ಅದೇ ತಿಳಿಸುತ್ತದೆ ಎನ್ನುತ್ತಿದ್ದ.

ಹುಟ್ಟಿದ್ದು ಗುರುಗುಂಟಾದಲ್ಲಿ. ಮೀಸೆ ಮೂಡುವ ಮೊದಲೇ ಹಟ್ಟಿಯ ಚಿನ್ನದ ಗಣಿಗೆ ಸೇರಿದ. ಪಾಳಿ ಮುಗಿದ ದಿನ ಲಿಂಗಸುಗೂರಿನ ಬಜಾರಕ್ಕೆ ಪಾತ್ರೆಗೆ ಕಲಾಯಿ ಹಾಕಿಸಲು ಹೋದಾಗ ಕಲಾಯಿಗಾರ ಬುಡ್ಡೇಸಾಬನ ದನಿ ಮೊದಲ ಸಲ ಕಿವಿಗೆ ಬಿತ್ತು. ಬುಡ್ಡೇಸಾಬ್ ತಿದಿ ಒತ್ತುತ್ತ ಹಾಡುತ್ತಿದ್ದ. ಕಲಾಯಿ ಹಾಕಿದ ಪಾತ್ರೆ ಆರಿ ತಣ್ಣಗಾದರೂ ದುರುಗಪ್ಪ ಅಲ್ಲಿಂದ ಕದಲಲಿಲ್ಲ.

‘ಯಾಕಲೇ, ಪಾತ್ರಿ ಬ್ಯಾಡೇನು?’ ಎಂದ ಬುಡ್ಡೇಸಾಬ್.

‘ಪದ ಬೇಕ್ರೀ’ ಎಂದ ದುರುಗಪ್ಪ.

ಹಾಗೆ ಸುರುವಾದದ್ದು. ವರ್ಷಗಟ್ಟಲೆ ಅವನು ತಿದಿ ಒತ್ತಿದ, ಬುಡ್ಡೇಸಾಬ್ ಹಾಡಿದ. ಎರಡು ಕಟ್ಟುಪಾಡುಗಳಿದ್ದವು. ಪದವನ್ನು ಬರೆದಿಡಬಾರದು. ಕಲಿಯುವಾಗ ಅರ್ಥ ಕೇಳಬಾರದು, ಗುರುವಿನ ಬಾಯಿಂದ ಹೇಗೆ ಬಿತ್ತೋ ಹಾಗೇ ಎತ್ತಿಕೊಳ್ಳಬೇಕು. ಗಣಿಯ ಪಂಜರದಲ್ಲಿ ನಿಂತು ಭೂಮಿಯೊಳಗೆ ಇಳಿಯುವಾಗ ದುರುಗಪ್ಪ ಅವನ್ನೇ ಗುನುಗುತ್ತಿದ್ದ. ಜೊತೆಯವರು ಮೇಲೆ ಹೋಗುವ ಪದ ಹಾಡುತ್ತ ಕೆಳಗೆ ಹೊರಟಿದ್ದೀಯಲ್ಲ ಎಂದು ಕಾಡಿಸುತ್ತಿದ್ದರು.

ಬುಡ್ಡೇಸಾಬ್ ಕಲಿಸಿದ್ದರಲ್ಲಿ ದೊಡ್ಡದು ಪಖಾಲಿ ಪದ. ಬಸ್ರಾ ಕಡೆಯ ಫಕೀರನೊಬ್ಬ ಹಡಗು ಹತ್ತಿ ಬರುವಾಗ ಅದನ್ನು ಎದೆಯಲ್ಲಿಟ್ಟುಕೊಂಡು ಬಂದನಂತೆ. ಬಿಜಾಪುರದಲ್ಲಿ ಅದಕ್ಕೆ ದಖನಿ ಮಾತು ಸೇರಿತಂತೆ, ಕೃಷ್ಣೆ ದಾಟಿದ ಮೇಲೆ ಕನ್ನಡವಾಯಿತಂತೆ. ಮರಳುಗಾಡಿನಲ್ಲಿ ತೊಗಲಿನ ಪಖಾಲಿ ಹೊತ್ತು ಮನೆಮನೆಗೆ ನೀರು ಹಾಕುವವನೊಬ್ಬನ ಕತೆ ಅದು. ಊರಿಗೆಲ್ಲ ನೀರು ಕೊಡುತ್ತಾನೆ, ಅವನ ಬಾಯಿ ಮಾತ್ರ ಒಣಗಿದೆ. ಪಖಾಲಿಯ ತೊಗಲು ಹರಿಯುತ್ತದೆ. ಬಾವಿ ಹುಡುಕುತ್ತಾನೆ. ಬಾವಿ ಸಿಕ್ಕು ಹಗ್ಗ ಬಿಟ್ಟರೆ ಹಗ್ಗ ಇಳಿಯುತ್ತಲೇ ಇರುತ್ತದೆ, ನೀರು ಮುಟ್ಟುವುದಿಲ್ಲ. ಅಲ್ಲಿಗೆ ಆರು ನುಡಿ.

ಏಳನೆಯ ನುಡಿಯನ್ನು ಯಾರೂ ಕೇಳಿಲ್ಲ. ಉರುಸಿನ ದಿನ ಹಾಡುವವನು ಆರು ನುಡಿ ಹಾಡಿ, ದಫ್ ಬಡಿಯುವುದನ್ನು ನಿಲ್ಲಿಸಿ, ಗೋರಿಯ ಕಡೆ ತಿರುಗಿ ಏಳನೆಯದನ್ನು ತುಟಿಯಲ್ಲೇ ಹೇಳಿಕೊಳ್ಳುತ್ತಾನೆ. ಗುರು ಅದನ್ನು ಶಿಷ್ಯನಿಗೆ ಕೊಡುವುದು ಒಂದೇ ಸಲ, ಬಾಯಿಯನ್ನು ಕಿವಿಗೆ ಹಚ್ಚಿ. ಒಂದು ಸಲ ಕೊಟ್ಟ ಮೇಲೆ ಕೊಟ್ಟವನು ಮತ್ತೆ ಯಾವ ಪದವನ್ನೂ ಹಾಡುವಂತಿಲ್ಲ.

ಬುಡ್ಡೇಸಾಬ್ ಅದನ್ನು ಕೊಟ್ಟ ಮಧ್ಯಾಹ್ನ ದುರುಗಪ್ಪನಿಗೆ ನಗು ಬಂದುಬಿಟ್ಟಿತ್ತು. ಆರು ನುಡಿಯಲ್ಲೇ ಇಷ್ಟು ಅರಬ್ಬಿ ಇರಬೇಕಾದರೆ ಏಳನೆಯದರಲ್ಲಿ ಇನ್ನೆಂಥ ಗೂಢ ಮಾತಿರಬಹುದು ಎಂದು ಅವನು ವರ್ಷಗಳಿಂದ ಕಾದಿದ್ದ. ಅದರಲ್ಲಿ ಒಂದೂ ಅರಬ್ಬಿ ಮಾತಿರಲಿಲ್ಲ. ಒಲೆಯ ಮುಂದೆ, ಹೊಲದ ಬದುವಿನ ಮೇಲೆ ಆಡುವ ಬರಿ ಮನೆಗನ್ನಡ, ನಾಲ್ಕು ಸಾಲು. ನಗು ನಿಂತ ಮೇಲೆ ಅವನು ಬಗ್ಗಿ ಗುರುವಿನ ಕಾಲು ಮುಟ್ಟಿದ.

‘ನಾನೂ ಹಿಂಗಾ ನಕ್ಕಿದ್ದೆ ಮಗನಾ’ ಎಂದ ಬುಡ್ಡೇಸಾಬ್. ‘ಯಾರಿಗೂ ಹೇಳಬ್ಯಾಡ. ದೊಡ್ಡದೇನೋ ಐತಿ ಅಂತ ಜನ ತಿಳಕೊಂಡಿರ್ಲಿ.’

ಅವತ್ತಿನಿಂದ ಬುಡ್ಡೇಸಾಬ್ ಹಾಡಲಿಲ್ಲ. ತಿದಿ ಒತ್ತುವಾಗ ಬರಿಯ ಗಾಳಿಯ ಸದ್ದು. ಮಳೆಗಾಲ ಮುಗಿಯುವುದರೊಳಗೆ ತೀರಿಕೊಂಡ. ಆ ಮೌನದ ಕಲಾಯಿ ಅಂಗಡಿ ದುರುಗಪ್ಪನ ಕಣ್ಣಿಗೆ ಕಟ್ಟಿದಂತಾಯಿತು. ಅವನು ಹೆದರಿದ್ದು ಸಾವಿಗಲ್ಲ, ತಿದಿಯ ಆ ಬರಿ ಗಾಳಿಯ ಸದ್ದಿಗೆ.

ನೌಕರಿಯಿಂದ ನಿವೃತ್ತನಾಗಿ ಮಸ್ಕಿಯಲ್ಲಿ ಮನೆ ಮಾಡಿದ ಮೇಲೆ ಅವನಿಗೂ ಒಬ್ಬ ಶಿಷ್ಯ ಸಿಕ್ಕ. ಜವಳಗೇರಾದ ಗಾದಿಲಿಂಗ. ಸಿಂಧನೂರಿನ ರೈಸ್ ಮಿಲ್ಲಿನಲ್ಲಿ ಆಪರೇಟರ್, ಇಬ್ಬರು ಮಕ್ಕಳ ತಂದೆ. ಗುರುವಾರ ಬಂತೆಂದರೆ ತಲೆಯ ಮೇಲಿನ ತೌಡನ್ನೂ ಜಾಡಿಸದೆ ಬೈಕ್ ಹತ್ತಿ ಬರುತ್ತಿದ್ದ. ಮಿಷನ್ನಿನ ಗದ್ದಲದಲ್ಲಿ ದಿನ ಕಳೆಯುವವನಾದರೂ ಅವನ ಕಿವಿ ಸೂಕ್ಷ್ಮ, ಒಮ್ಮೆ ಕೇಳಿದ್ದು ಬಿಡುತ್ತಿರಲಿಲ್ಲ. ಆರು ನುಡಿ ಕಲಿತು ಎಷ್ಟೋ ವರ್ಷವಾಗಿತ್ತು. ಏಳನೆಯದನ್ನು ಅವನಾಗಿ ಎಂದೂ ಕೇಳಲಿಲ್ಲ.

ಕೇಳುತ್ತಿದ್ದವಳು ದುರುಗಪ್ಪನ ಹೆಂಡತಿ ಗದ್ದೆಮ್ಮ. ಗಣಿಯ ದೂಳು ಕುಡಿದ ಎದೆ, ಮೆಟ್ಟಿಲು ಹತ್ತಿದರೆ ದಮ್ಮು ಬರುತ್ತದೆ, ಕೊಡುವುದನ್ನು ಕೊಟ್ಟುಬಿಡಬಾರದೇ ಎಂದು ಆಕೆ ಗೊಣಗುತ್ತಿದ್ದಳು. ಈ ಉರುಸೊಂದು ಆಗಲಿ ಎನ್ನುತ್ತಿದ್ದ ದುರುಗಪ್ಪ. ಉರುಸು ಆಗುತ್ತಿತ್ತು. ದಫ್ ಹಿಡಿದು ಕೂತಾಗಿನ ಆ ಬಿಸಿ, ಜನ ತಲೆದೂಗುವುದು, ತನ್ನದೇ ದನಿ ಎದೆಯಿಂದೆದ್ದು ಗುಮ್ಮಟಕ್ಕೆ ತಾಗಿ ತಿರುಗಿ ಬರುವುದು, ಇವೆಲ್ಲ ಬಿಟ್ಟು ಉಳಿಯುವುದೇನು ಎಂದು ಅವನಿಗೆ ಅನ್ನಿಸುತ್ತಿತ್ತು. ಮುಂದಿನ ವರ್ಷ ಎಂದುಕೊಳ್ಳುತ್ತಿದ್ದ.

ಒಂದು ಮುಂಜಾನೆ ಚಹಾದ ಕಪ್ಪು ಕೈಯಿಂದ ಜಾರಿತು. ಎತ್ತಿಕೊಳ್ಳಲು ಬಗ್ಗಿದವನು ಏಳಲಿಲ್ಲ. ಬಲಗೈ ಬಲಗಾಲು ಬಿದ್ದುಹೋಗಿದ್ದವು. ಸಿಂಧನೂರಿನ ಆಸ್ಪತ್ರೆಯಲ್ಲಿ ಡಾಕ್ಟರು ಲಕ್ವಾ ಹೊಡೆದಿದೆ ಎಂದರು. ಹೇಳಿದ್ದು ಅವನಿಗೆ ತಿಳಿಯುತ್ತದೆ, ಹೇಳಬೇಕಾದ್ದೂ ತಲೆಯಲ್ಲಿರುತ್ತದೆ, ಆದರೆ ಬಾಯಿಗೆ ಬರುವಷ್ಟರಲ್ಲಿ ಮಾತು ಒಡೆದು ಬೇರೆಯೇ ಆಗುತ್ತದೆ ಎಂದು ವಿವರಿಸಿದರು. ಅದು ನಿಜ. ನೀರು ಬೇಕೆಂದು ಬಾಯಿ ತೆರೆದರೆ ‘ತೋರ’ ಎಂದೋ ‘ಬಾನಿ’ ಎಂದೋ ಬರುತ್ತಿತ್ತು. ತಪ್ಪೆಂದು ತನ್ನ ಕಿವಿಗೇ ಕೇಳಿಸುತ್ತಿತ್ತು. ತಿದ್ದಲು ಹೋದರೆ ಇನ್ನೊಂದು ತಪ್ಪು.

ಬಿಡುಗಡೆ ಮಾಡುವಾಗ ಡಾಕ್ಟರು ಒಂದು ಮಾತು ಹೇಳಿದರು. ಮಾತು ಹೋದ ಕೆಲವರಿಗೆ ಹಾಡು ಉಳಿದಿರುತ್ತದೆ, ಹಾಡಿಸಿ ನೋಡಿ. ಗದ್ದೆಮ್ಮ ಆಸ್ಪತ್ರೆಯ ಬಾಗಿಲಿನಿಂದಲೇ ಗಾದಿಲಿಂಗನಿಗೆ ಫೋನ್ ಮಾಡಿಸಿದಳು.

ಗಾದಿಲಿಂಗ ಗುರುವಾರ ಮಧ್ಯಾಹ್ನ ಸ್ನಾನ ಮಾಡಿ, ಬಿಳಿ ಅಂಗಿ ತೊಟ್ಟು ಬಂದ. ಫೋನನ್ನು ಬಾಗಿಲ ಹೊರಗೆ ಚಪ್ಪಲಿಯ ಪಕ್ಕ ಇಟ್ಟ. ಲೋಬಾನದ ಧೂಪ ಹಾಕಿದ. ಗುರುವಿನ ಎಡಗೈ ಹಿಡಿದು ಮೊದಲ ನುಡಿ ಎತ್ತಿಕೊಂಡ.

ದುರುಗಪ್ಪನ ಬಾಯಿ ತೆರೆಯಿತು. ಶಿಷ್ಯನ ದನಿಯ ಬೆನ್ನು ಹತ್ತಿ ಅವನ ದನಿಯೂ ಹೊರಟಿತು. ಅಲ್ಲಲ್ಲಿ ತೊದಲಿದರೂ ಮಾತುಗಳು ಸರಿಯಾಗಿಯೇ ಬಂದವು. ಇಷ್ಕ್ ಬಂತು, ರೂಹ್ ಬಂತು, ಹಗ್ಗ ಬಂತು. ಹೆಂಡತಿಯ ಹೆಸರು ಹೇಳಲಾಗದ ನಾಲಗೆಯ ಮೇಲೆ ಆರು ನುಡಿಯೂ ದಾಟಿ ಹೋದವು. ಗದ್ದೆಮ್ಮ ಸೆರಗು ಬಾಯಿಗೊತ್ತಿ ಅತ್ತಳು. ಕೊನೆಯದು ಕೊಡುವಾಗ ಮೂರನೆಯವರು ಇರಬಾರದೆಂದು ತಾನಾಗಿಯೇ ಎದ್ದು ಹೊರಗೆ ಹೋದಳು.

ಗಾದಿಲಿಂಗ ಬಗ್ಗಿ ತನ್ನ ಕಿವಿಯನ್ನು ಗುರುವಿನ ಬಾಯಿಗೆ ಹಚ್ಚಿದ.

ಈಗ ಮುಂದೆ ಯಾವ ದನಿಯೂ ಇರಲಿಲ್ಲ. ಬೆನ್ನು ಹತ್ತಲು ಯಾರೂ ಇರಲಿಲ್ಲ. ಆ ನಾಲ್ಕು ಸಾಲು ದುರುಗಪ್ಪನ ಒಳಗೆ ತೊಳೆದಿಟ್ಟ ಪಾತ್ರೆಯ ಹಾಗೆ ಹೊಳೆಯುತ್ತಿದ್ದವು. ಅವನು ಉಸಿರು ತುಂಬಿಕೊಂಡು ಹಾಡಿದ. ರಾಗ ಸರಿಯಾಗಿ ಬಂತು. ಮಾತು ಬಂದದ್ದು ಹೀಗೆ:

‘ನೇರಲ ಬಾಮೂ, ನೇರಲ ತೋ, ದಾಲಿ ತಗೀರ, ಮಾನಲ ತೋ...’

ತಪ್ಪೆಂದು ಅವನ ಕಿವಿಗೇ ಕೇಳಿಸಿತು. ನಿಲ್ಲಿಸಲು ನೋಡಿದ. ರಾಗ ಹಿಡಿದ ನಾಲಗೆ ಮುಗಿಸಿಯೇ ನಿಂತಿತು. ಮತ್ತೆ ಹೇಳಲು ಬಾಯಿ ತೆರೆದ. ಅಷ್ಟರಲ್ಲಿ ಗಾದಿಲಿಂಗ ತಲೆ ಎತ್ತಿದ್ದ. ಅವನ ಕಣ್ಣು ಮುಚ್ಚಿದ್ದವು, ಕೆನ್ನೆ ಒದ್ದೆಯಾಗಿದ್ದವು. ಕೇಳಿದ್ದನ್ನು ಒಂದು ಸ್ವರವೂ ಬಿಡದೆ ಅವನು ಮೆಲ್ಲಗೆ ಒಪ್ಪಿಸಿದ. ನೇರಲ ಬಾಮೂ, ನೇರಲ ತೋ. ಅರ್ಥ ಕೇಳಬಾರದೆಂದು ಕಲಿಸಿದವನು ದುರುಗಪ್ಪನೇ. ಗುರುವಿನ ಬಾಯಿಂದ ಬಿದ್ದದ್ದನ್ನು ಹಾಗೇ ಎತ್ತಿಕೊಳ್ಳಬೇಕೆಂದವನೂ ಅವನೇ.

ದುರುಗಪ್ಪ ತಲೆಯನ್ನು ಅತ್ತಿತ್ತ ಅಲ್ಲಾಡಿಸಿದ.

‘ಗೊತ್ತೈತಿ ಕಾಕಾ’ ಎಂದ ಗಾದಿಲಿಂಗ. ‘ಬಾಯಿ ಬಿಟ್ಟು ಯಾರ ಮುಂದೂ ಹಾಡಂಗಿಲ್ಲ. ನನ್ ಜೀವ ಇರೋತನ ಬಿಡಂಗಿಲ್ಲ ಇದನ್ನ.’

ದುರುಗಪ್ಪ ಎಡಗೈಯಿಂದ ಅವನ ಅಂಗಿ ಹಿಡಿದು ಎಳೆದ, ಮತ್ತೆ ಬಾಯಿ ತೆರೆದ. ಗಾದಿಲಿಂಗ ಆ ಬಾಯಿಗೆ ಮೆಲ್ಲಗೆ ಕೈ ಅಡ್ಡ ಇಟ್ಟ. ಕೊಟ್ಟ ಮೇಲೆ ಗುರು ಹಾಡಬಾರದು.

‘ಬ್ಯಾಡ ಕಾಕಾ. ಒಂದಾ ಸಲ.’

ಅವನು ಹೋದ ಮೇಲೆ ಗದ್ದೆಮ್ಮ ಗಂಜಿ ತಂದಳು. ಗಂಡ ಬಾಯಿ ಬಿಡಲಿಲ್ಲ, ಅಳುತ್ತಲೇ ಇದ್ದ. ಕೊಟ್ಟಾಯಿತಲ್ಲ, ಇನ್ನೇತಕ್ಕೆ ಅಳು ಎಂದು ಕೇಳಿದಳು. ಆಮೇಲೆ ಅವನ ಮುಖವನ್ನೇ ನೋಡುತ್ತ ದನಿ ತಗ್ಗಿಸಿ, ‘ತಪ್ಪಾತೇನು?’ ಎಂದಳು. ಅವನು ಹೌದೆಂದು ತಲೆ ಆಡಿಸಿದ. ಆಕೆ ಗಂಜಿಯ ಬಟ್ಟಲನ್ನು ನೆಲಕ್ಕಿಟ್ಟು ಅಲ್ಲೇ ಕೂತಳು.

ಮರುದಿನ ಬಸ್ಸು ಹತ್ತಿ ಲಿಂಗಸುಗೂರಿಗೆ ಹೋಗಿ ಬುಡ್ಡೇಸಾಬನ ಮಗಳು ಸಕೀನಾಬೀಯನ್ನು ಕಂಡಳು. ಅಪ್ಪ ಮನೆಯಲ್ಲಿ ಎಂದಾದರೂ, ನಿದ್ದೆಗಣ್ಣಿನಲ್ಲಾದರೂ ಆ ನುಡಿ ಅಂದದ್ದು ಉಂಟೇ ಎಂದು ಕೇಳಿದಳು. ಸಕೀನಾಬೀ ಚಹಾ ಮಾಡಿಕೊಟ್ಟಳು. ಅಬ್ಬಾ ನಿನ್ನ ಗಂಡನಿಗೊಬ್ಬನಿಗೇ ಕೊಟ್ಟದ್ದವ್ವಾ, ನಮಗೆ ಆರೇ ನುಡಿ ಗೊತ್ತು ಎಂದಳು.

ಆಮೇಲೆ ಗದ್ದೆಮ್ಮ ಕಟ್ಟುಪಾಡನ್ನೇ ಮುರಿದಳು. ಗಂಡನ ಪಕ್ಕ ಕೂತು ಒಂದೊಂದೇ ಮಾತು ಹೇಳಿ ಕೇಳತೊಡಗಿದಳು. ನೀರು ಎಂಬುದು ಐತೇನು? ತಲೆ ಆಡಿಸಿದ. ಬಾಗಿಲು? ಇಲ್ಲ. ಅವ್ವ? ಆಡಿಸಿದ. ಇಬ್ಬರ ಕಣ್ಣಲ್ಲೂ ಆಸೆ ಮೂಡಿತು. ಆದರೆ ಮನೆಯಲ್ಲಿ ಆಡುವ ಮಾತಿಗೆ ಲೆಕ್ಕವೆಲ್ಲಿದೆ? ಕೇಳಿ ಕೇಳಿ ದಣಿದಾಗ ಅವನ ಹೌದು ಇಲ್ಲಗಳೂ ಕಲಸಿಹೋದವು. ನಿನ್ನೆ ಹೌದೆಂದದ್ದಕ್ಕೆ ಇವತ್ತು ಇಲ್ಲವೆಂದ. ಅದಕ್ಕಿಂತ ಕೆಟ್ಟದ್ದು ಇನ್ನೊಂದಾಯಿತು. ಆಕೆ ಹೇಳಿದ ಮಾತುಗಳೆಲ್ಲ ಒಳಗಿನ ನಾಲ್ಕು ಸಾಲಿಗೆ ಅಂಟಿಕೊಳ್ಳತೊಡಗಿದವು. ಸ್ವಚ್ಛವಾಗಿದ್ದದ್ದೂ ಕೆಡುತ್ತದೆಂಬ ಭಯಕ್ಕೆ ದುರುಗಪ್ಪ ಗೋಡೆಯ ಕಡೆ ಹೊರಳಿ ಮಲಗಿದ. ಗದ್ದೆಮ್ಮ ಮತ್ತೆ ಕೇಳಲಿಲ್ಲ.

ಉಳಿದದ್ದು ಒಂದೇ ಪ್ರಶ್ನೆ. ಉರುಸು ಹತ್ತಿರ ಬಂದಾಗ ಅದನ್ನೂ ಕೇಳಿದಳು.

‘ಆ ತಮ್ಮಗ ಹೇಳಿಬಿಡ್ಲೇನು, ಅದು ಪದ ಅಲ್ಲ ಅಂತ?’

ಅವನು ತಲೆ ಆಡಿಸಿದ.

‘ಬ್ಯಾಡೇನು?’

ಅದಕ್ಕೂ ಆಡಿಸಿದ. ಬೇಕೋ ಬೇಡವೋ ಅವನಿಗೇ ತಿಳಿದಿರಲಿಲ್ಲ. ಹೇಳಿದರೆ ಗಾದಿಲಿಂಗನ ಕೈಯಲ್ಲಿ ಏನೂ ಉಳಿಯುವುದಿಲ್ಲ. ಹೇಳದಿದ್ದರೆ ಅವನು ಅದನ್ನೇ ಕಣ್ಣಿಗೊತ್ತಿಕೊಂಡು ಬದುಕುತ್ತಾನೆ, ಮುಂದೊಂದು ದಿನ ಇನ್ನೊಬ್ಬನ ಕಿವಿಯಲ್ಲಿ ಊದುತ್ತಾನೆ. ಒಳ್ಳೆಯದೆನ್ನುವಂಥದ್ದು ಎರಡರಲ್ಲೂ ಇರಲಿಲ್ಲ. ಗದ್ದೆಮ್ಮ ಗಾದಿಲಿಂಗನಿಗೆ ಹೇಳದೆ ಬಿಟ್ಟಳು.

ಉರುಸಿನ ಸಂಜೆ ಅವನನ್ನು ಆಟೋದಲ್ಲಿ ಕರೆದೊಯ್ದು ಗೋರಿಯ ಹತ್ತಿರ, ಹಾಡುವವರ ಎದುರಿಗೇ ಕುರ್ಚಿ ಹಾಕಿ ಕೂರಿಸಿದರು. ಗಾದಿಲಿಂಗ ಆರು ನುಡಿ ಹಾಡಿದ. ಎಂದೂ ಹಾಡದಷ್ಟು ಚೆನ್ನಾಗಿ ಹಾಡಿದ. ಹಗ್ಗ ಇಳಿಯುತ್ತಲೇ ಇದೆ ಎನ್ನುವಲ್ಲಿ ಹೆಂಗಸರು ಕಣ್ಣೊರೆಸಿಕೊಂಡರು. ದರ್ಗಾ ನೋಡಿಕೊಳ್ಳುವ ಮುಜಾವರ ಬಂದೇಸಾಬ ಕೈ ಎತ್ತಿದ. ದಫ್ ನಿಂತಿತು. ಹಳ್ಳದ ಆಚೆ ಟ್ರ್ಯಾಕ್ಟರೊಂದು ಹೋಗುತ್ತಿದ್ದ ಸದ್ದು ಮಾತ್ರ ಉಳಿಯಿತು.

ಗಾದಿಲಿಂಗ ಗೋರಿಯ ಕಡೆ ತಿರುಗಿ ಕಣ್ಣು ಮುಚ್ಚಿದ. ಅವನ ತುಟಿ ಅಲುಗಿದವು. ದುರುಗಪ್ಪ ಆ ತುಟಿಗಳನ್ನೇ ನೋಡುತ್ತಿದ್ದ. ನೇರಲ ಬಾಮೂ, ನೇರಲ ತೋ. ಒಂದೊಂದೂ ಸ್ಪಷ್ಟವಾಗಿ ಕಾಣುತ್ತಿತ್ತು. ಅದೇ ಹೊತ್ತಿಗೆ ದುರುಗಪ್ಪನೊಳಗೆ ನಿಜವಾದ ನುಡಿಯೂ ನಡೆಯಿತು. ಎರಡೂ ಒಂದೇ ರಾಗದಲ್ಲಿ ಹೊರಟು ಒಂದೇ ಕಡೆ ಮುಗಿದವು.

ಜನ ಎದ್ದು ಗಾದಿಲಿಂಗನನ್ನು ಅಪ್ಪಿಕೊಂಡರು. ಆಮೇಲೆ ಒಬ್ಬೊಬ್ಬರಾಗಿ ಕುರ್ಚಿಯ ಕಡೆ ಬಂದರು. ಎಲ್ಲರಿಗಿಂತ ಮುಂದೆ ಬಂದೇಸಾಬ ಇದ್ದ. ಅವನು ಬಗ್ಗಿ ದುರುಗಪ್ಪನ ಕಾಲು ಹಿಡಿದ.

‘ಗುರು ಅಂದ್ರ ನೀವ್ರೀ’ ಎಂದ. ‘ಬಾಯಿ ಹೋದ್ರೂ ಪದ ಹಂಗಾ ಹೋಗಗೊಡಲಿಲ್ಲ. ಕೊಟ್ಟಾ ಕೊಟ್ಟ್ರಿ.’

ದುರುಗಪ್ಪ ಕಾಲನ್ನು ಹಿಂದಕ್ಕೆ ಎಳೆದುಕೊಳ್ಳಲು ನೋಡಿದ. ಅದು ಬಲಗಾಲು. ಅಲುಗಲಿಲ್ಲ.